ಅಪ್ಪ ಬಿಟ್ಟ ಎಲೆ

ನಾನು ಚಿಕ್ಕವನಿದ್ದಾಗ ಮಹಾ ಹೊಟ್ಟೆಬಾಕ, ಮಕ್ಕಳೇ. ಆಗ ಅಪ್ಪನಿಗೆ ಸಮೋವಾ ದ್ವೀಪದ ಹಳ್ಳಿಯೊಂದರಲ್ಲಿ ಮೇಷ್ಟ್ರ ಕೆಲಸ ಸಿಕ್ಕಿತ್ತು. ಶನಿವಾರ ನೀವು ಬೀಚಿಗೆ ಹೋಗಿ ಕಾಲು ನೆನೆಸಿಕೊಂಡು ಬರುತ್ತೀರಲ್ಲ, ಅದೇ ಪೆಸಿಫಿಕ್ ಸಾಗರದ ನಡುವೆ ಆ ದ್ವೀಪ. ಅಲ್ಲಿ ನೀರು ಮಾತ್ರ ಬೆಚ್ಚಗೆ. ಅಪ್ಪ ಹೋಗಿ ಒಂದು ವರ್ಷವಾದ ಮೇಲೆ ಅಮ್ಮ, ಅಕ್ಕ, ನಾನು ಹಡಗಿನಲ್ಲಿ ಹೋಗಿ ಸೇರಿಕೊಂಡೆವು.

ಆ ವಾರವೇ ಊರಿನ ಹಿರಿಯರೊಬ್ಬರು ಭಾನುವಾರದ ಊಟಕ್ಕೆ ಕರೆದರು. ಅಮ್ಮ ಸುಸ್ತಾಗಿ ಮಲಗಿದ್ದರು. ನಾವು ಮೂವರೇ ಹೋದೆವು. ಗೋಡೆಯೇ ಇಲ್ಲದ ಮನೆ. ಸುತ್ತ ಮರದ ಕಂಬ, ಮೇಲೆ ಗರಿಯ ಸೂರು, ನೆಲಕ್ಕೆ ಹವಳದ ಕಲ್ಲು ಹರಡಿ ಚಾಪೆ ಹಾಸಿದ್ದರು. ಹಿರಿಯರು ಕೂತಿರುವಾಗ ನಿಲ್ಲಬಾರದು, ಕಾಲು ಚಾಚಬಾರದು ಎಂದು ಅಪ್ಪ ಮೊದಲೇ ಹೇಳಿದ್ದರು. ಚಕ್ಕಳಮಕ್ಕಳ ಹಾಕಿ ಕೂರುವುದು ನಮಗೇನು ಹೊಸದೇ? ಗೆದ್ದೆವು ಅಂದುಕೊಂಡೆ.

ಬಿಸಿ ಕಲ್ಲಿನ ಮೇಲೆ ಬೇಯಿಸಿದ ಕೆಸುವಿನ ಗೆಡ್ಡೆ, ಹಲಸಿನ ಜಾತಿಯ ಜೀಗುಜ್ಜೆ ಸುಟ್ಟದ್ದು, ಕೆಸುವಿನ ಎಲೆಯಲ್ಲಿ ಕಟ್ಟಿ ಬೇಯಿಸಿದ ತೆಂಗಿನ ಹಾಲು ಒಬ್ಬೊಬ್ಬರ ಬಾಳೆಲೆಗೆ ಬಂದವು. ಹೊಗೆಯ ಘಮಕ್ಕೆ ನನ್ನ ಬಾಯಲ್ಲಿ ನೀರು. ಆ ಮನೆಯವರು ಯಾರೂ ಉಣ್ಣಲಿಲ್ಲ. ಮನೆಯಾಕೆ ಬೀಸಣಿಗೆಯಿಂದ ನೊಣ ಓಡಿಸುತ್ತ ಕೂತರು. ನಾಲ್ಕು ಮಕ್ಕಳು ಕಂಬದಾಚೆ ಕೂತು ನಮ್ಮನ್ನೇ ನೋಡುತ್ತಿದ್ದರು. ಹೊಸಬರನ್ನು ನೋಡುವ ಆಸೆ ಇರಬೇಕು ಎಂದುಕೊಂಡೆ.

ಅಪ್ಪ ಎರಡು ತುತ್ತು ತಿಂದು ಕೈ ಒರೆಸಿಕೊಂಡರು. ಪಾಪ, ಸೇರಲಿಲ್ಲವೇನೋ! ನಮ್ಮ ಮನೆಯಲ್ಲೋ, ಎಲೆಯಲ್ಲಿ ಒಂದಗುಳು ಬಿಟ್ಟರೂ ಬೈಗುಳ. ಹಾಗಾಗಿ ನಾನು ಬಳಿದು ತಿಂದೆ. ಅಕ್ಕನೂ ಕಷ್ಟಪಟ್ಟು ಮುಗಿಸಿದಳು. ಎಲೆ ಖಾಲಿಯಾದದ್ದು ಕಂಡು ಮನೆಯಾಕೆ ನನಗೆ ಇನ್ನಷ್ಟು ಬಡಿಸಿದರು. ಅಪ್ಪ ಎರಡು ಸಲ ಕೆಮ್ಮಿದರು. ಅದನ್ನೂ ಚೊಕ್ಕವಾಗಿ ಮುಗಿಸಿದೆ.

ಆಮೇಲೆ ಆಕೆ ಅಪ್ಪನ ಎಲೆಯನ್ನು ಎತ್ತಿ ಮಕ್ಕಳ ನಡುವೆ ಇಟ್ಟರು. ಅಪ್ಪ ಬಿಟ್ಟದ್ದನ್ನು ನಾಲ್ವರೂ ಹಂಚಿಕೊಂಡು ತಿಂದರು. ತೀರಾ ಚಿಕ್ಕವಳೊಬ್ಬಳು ಬಂದು ನನ್ನ ಎಲೆ ಎತ್ತಿ, ಅಡಿಯಲ್ಲಿ ಏನಾದರೂ ಇದೆಯೇ ಎಂದು ನೋಡಿ, ಮತ್ತೆ ಅಲ್ಲೇ ಇಟ್ಟು ಹೋದಳು.

ಹೊರಗೆ ಬಂದಮೇಲೆ ಅಪ್ಪ ಬೈಯಲಿಲ್ಲ. "ಇಲ್ಲಿ ನೆಂಟರು ಉಂಡು ಉಳಿಸಿದ್ದೇ ಮಕ್ಕಳ ಊಟ ಕಣೋ. ನಿಂಗೆ ಮೊದ್ಲೇ ಹೇಳ್ಬೇಕಿತ್ತು, ತಪ್ಪು ನಂದು."

"ಎಂಜಲು ಕೊಡ್ತಾರಾ?" ಎಂದಳು ಅಕ್ಕ.

"ಅವ್ರಿಗೆ ಅದು ಎಂಜಲಲ್ಲಮ್ಮ. ಅವ್ರ ಪಾಲು."

ನನಗೆ ನಾಚಿಕೆಯಿಂದ ಅಳು ಬಂತು. ಮುಂದಿನ ಭಾನುವಾರ ಮತ್ತೆ ಕರೆದರು. ಎರಡೇ ತುತ್ತು ತಿಂದು ಕೈ ಒರೆಸಿಕೊಂಡೆ. ಹೊಟ್ಟೆ ಚುರುಗುಟ್ಟುತ್ತಿತ್ತು. ಆ ಪುಟ್ಟ ಹುಡುಗಿ ನನ್ನ ಎಲೆಯನ್ನೇ ಆರಿಸಿಕೊಂಡು ಹೋದಳು.

ನಾವೀಗಿರುವ ಈ ಕಾರ್ಮೆಲ್ ವ್ಯಾಲಿ ಊರಿನಲ್ಲಿ ಮೊದಲ ದೋಸೆ ನಿಮಗೆ. ಸಾಕರ್‌ಗೆ ತಡವಾದರೆ ಕಾರಿನಲ್ಲೇ ನಿಮ್ಮ ಊಟ. ಲಂಚ್ ಬಾಕ್ಸ್ ಅರ್ಧ ತುಂಬಿಯೇ ಮನೆಗೆ ಬರುತ್ತದೆ. ಅದು ನಿಮ್ಮ ತಪ್ಪೇನಲ್ಲ, ನೀವು ಬಿಟ್ಟದ್ದಕ್ಕಾಗಿ ಯಾರೂ ಕಾದು ಕೂತಿಲ್ಲ. ನಾನು ಮಾತ್ರ ಈಗಲೂ ತಟ್ಟೆಯಲ್ಲಿ ಒಂದು ತುಂಡು ಬಿಡುತ್ತೇನೆ. ನಿಮ್ಮ ಅಮ್ಮ ಬಂದು, "ಮಾವ, ಅದೊಂದು ಚೂರು ಫಿನಿಶ್ ಮಾಡ್ಬಿಡಿ, ಡಿಶ್‌ವಾಶರ್ ಲೋಡ್ ಮಾಡ್ಬೇಕು" ಎನ್ನುತ್ತಾಳೆ.

ತಿಂದುಬಿಡುತ್ತೇನೆ. ತಿನ್ನುವ ಮೊದಲು ಒಮ್ಮೆ ಬಾಗಿಲ ಕಡೆ ನೋಡುತ್ತೇನೆ, ಅಷ್ಟೇ.