ಬುಟ್ಟಿಯಡಿಯ ತೊಟ್ಟಿಲು

ದೆವ್ವ, ಮಾಟ, ಗಾಳಿ ಸೋಕುವುದು, ಇವನ್ನೆಲ್ಲ ನಾನು ನಂಬಿದವಳಲ್ಲ. ಯಾರಾದರೂ ಶುರು ಮಾಡಿದರೆ, ಕೆಲಸವಿಲ್ಲದವರ ಮಾತು ಎಂದು ಎದ್ದು ಹೋಗುತ್ತಿದ್ದೆ. ಇದನ್ನು ಓದಿ ನೀವೂ ಎದ್ದು ಹೋದರೆ ನನಗೆ ಬೇಜಾರಿಲ್ಲ. ವಯಸ್ಸಾದ ಮೇಲೆ ಅಕ್ಷರ ಕಲಿತವಳು ನಾನು, ತಪ್ಪಿದ್ದರೆ ತಿದ್ದಿಕೊಂಡು ಓದಿ.

ಶಿವಮೊಗ್ಗದಲ್ಲಿ ಬೀದಿ ಬೀದಿ ತಿರುಗಿ ರಂಗೋಲಿ ಪುಡಿ ಮಾರುವುದು ನನ್ನ ಕಸುಬು. ಮೊಬೈಲು ಬರುವ ಮುಂಚಿನ ಮಾತು. ಬಿಳಿ ಕಲ್ಲು ತಂದು, ಕುಟ್ಟಿ, ಜರಡಿ ಹಿಡಿದು, ಬುಟ್ಟಿಯಲ್ಲಿ ಹೊತ್ತು ಗೋಪಾಳದ ಕಡೆ ಹೋಗುತ್ತಿದ್ದೆ. ಮಾಚೇನಹಳ್ಳಿ ಹತ್ತಿರ ಲಾರಿಗಳಿಂದ ಉದುರಿದ ಕಲ್ಲು ರಸ್ತೆ ಬದಿಯಲ್ಲೇ ಸಿಗುತ್ತಿತ್ತು. ಒಂದು ಸಲ ಅದರಲ್ಲಿ ತೆಂಗಿನಕಾಯಿ ಗಾತ್ರದ ಕಲ್ಲೊಂದು ಬಂತು. ನೋಡಲು ಅಷ್ಟೇ ಇದ್ದರೂ ಎತ್ತಲು ಭಾರ. ಕುಟ್ಟಿದರೆ ಧೂಳು ಏಳಲಿಲ್ಲ. ಪುಡಿ ಮಾತ್ರ ನೀರು ಬೆರೆಸಿದ ಹಾಲಿನ ಹಾಗೆ ನೀಲಿ ಹೊಡೆಯುತ್ತಿತ್ತು. ಇರುವೆಗಳು ಅದರ ಗೆರೆ ದಾಟುತ್ತಿರಲಿಲ್ಲ.

‘ಇದೇನು ಮಾರಾಯ್ತಿ, ಒಲೆ ಬೂದಿ ತಂದಿದ್ದೀಯಾ?’ ಎಂದು ಗೋಪಾಳದ ಹೆಂಗಸರು ವಾಪಸ್ಸು ಕೊಟ್ಟರು. ಮಾರಾಟವಾಗದ್ದನ್ನು ಡಬ್ಬಿಗೆ ತುಂಬಿ ಭದ್ರಾವತಿಯ ತಂಗಿಗೆ ಕೊಟ್ಟೆ. ಒಳ್ಳೆಯ ಪುಡಿಯನ್ನು ಅವಳಿಗೆ ಯಾವತ್ತೂ ಕೊಟ್ಟವಳಲ್ಲ ನಾನು.

ತಂಗಿಯ ಹೆಸರು ಸರೋಜ. ಗಂಡ ರಂಗಪ್ಪ ಕಾರ್ಖಾನೆ ಕೆಲಸದವನು. ಮದುವೆಯಾಗಿ ಬಹಳ ವರ್ಷವಾದರೂ ಮಕ್ಕಳಿರಲಿಲ್ಲ. ಯಾರದಾದರೂ ನಾಮಕರಣಕ್ಕೆ ಕರೆದರೆ ಹೋಗುತ್ತಿದ್ದಳು, ಆದರೆ ತೊಟ್ಟಿಲ ಹತ್ತಿರ ಸುಳಿಯದೆ, ಪಾತ್ರೆ ತೊಳೆಯುವ ಕಡೆ ನಿಂತು ಬರುತ್ತಿದ್ದಳು.

ಮುಂದಿನ ಸಲ ನಾನು ಹೋದಾಗ ಬಾಗಿಲು ಮುಂದೆ ಮಾಡಿ ಕೂತಳು.

‘ಅಕ್ಕ, ನಿನ್ನ ಪುಡೀಲಿ ಏನು ಬರೆದ್ರೂ ಆಗುತ್ತೆ ಕಣೇ. ಮೊನ್ನೆ ಬಾಗಿಲಿಗೆ ತುಂಬಿದ ಕೊಡ ಬರೆದೆ. ಒಣಗಿದ್ದ ನಲ್ಲೀಲಿ ನೀರು ಬಂತು, ಬೀದಿಯೋರೆಲ್ಲ ಹಿಡ್ಕೊಂಡ್ರು. ಮಾರನೇ ದಿನ ಗುಡಿಸಿದೆ ನೋಡು, ಹಿಡಿದಿಟ್ಟ ನೀರೂ ಇಲ್ಲ, ನೀರು ಬಂದಿದ್ದು ಯಾರಿಗೂ ನೆನಪೂ ಇಲ್ಲ. ಗುಡಿಸಿದ ನನಗೊಬ್ಬಳಿಗೇ ನೆನಪು.’

‘ಕೊಡ ತೂತಾಗಿರ್ಬೇಕು. ಜೊತೆಗೆ ತಲೇನೂ’ ಎಂದೆ.

ಅವಳು ನಗಲಿಲ್ಲ. ಒಳಕೋಣೆಯ ಮೂಲೆಯಲ್ಲಿ ಬೋರಲು ಹಾಕಿದ್ದ ಕೋಳಿ ಬುಟ್ಟಿಯನ್ನು ಎತ್ತಿ ತೋರಿಸಿದಳು. ನೆಲದ ಮೇಲೆ ಅಂಗೈಯಗಲದ ತೊಟ್ಟಿಲು ಬರೆದಿದ್ದಳು. ‘ಇದನ್ನ ನಾನು ಗುಡಿಸಲ್ಲ’ ಎಂದು ಬುಟ್ಟಿ ಮುಚ್ಚಿದಳು.

ಅವಳು ಬಸುರಾದಳು. ಬಸುರಾಗುವ ಕಾಲ ಬಂದಿತ್ತು, ಆದಳು, ಎಂದುಕೊಂಡೆ ನಾನು. ಹೆಣ್ಣುಮಗು ಹುಟ್ಟಿತು. ಅಮ್ಮ ಇಲ್ಲದ ಮನೆ, ಬಾಣಂತನಕ್ಕೆ ನಾನೇ ಹೋದೆ. ಮಗುವಿನ ಎಡಗಿವಿಯ ತುದಿ ಒಳಕ್ಕೆ ಮಡಿಚಿಕೊಂಡಿತ್ತು. ಎಣ್ಣೆ ಹಚ್ಚುವಾಗ ದಿನಾ ಬಿಡಿಸುತ್ತಿದ್ದೆ, ಮತ್ತೆ ಮಡಿಚಿಕೊಳ್ಳುತ್ತಿತ್ತು. ಮಕ್ಕಳನ್ನು ಮುದ್ದು ಮಾಡುವ ಪೈಕಿ ನಾನಲ್ಲ. ಇದನ್ನು ಮಾತ್ರ ಕೆಳಗಿಡಲು ಮನಸ್ಸು ಬರುತ್ತಿರಲಿಲ್ಲ.

ಸರೋಜ ಹಾಲು ಕೊಡುವ ಮುಂಚೆ ಪ್ರತಿ ಸಲವೂ ಆ ಬುಟ್ಟಿಯ ಕಡೆ ತಿರುಗಿ ಕೈ ಮುಗಿಯುತ್ತಿದ್ದಳು. ನೀರು ಕಾಯಿಸಿ, ಬಟ್ಟೆ ಒಗೆದು, ಸೊಂಟ ಮುರಿದುಕೊಂಡವಳು ನಾನು. ಕೈ ಮುಗಿಸಿಕೊಳ್ಳುತ್ತಿದ್ದದ್ದು ನಾನು ಮಾರಲಾಗದ ಪುಡಿ. ಅದು ನನಗೆ ಚುಚ್ಚುತ್ತಿತ್ತು.

ಪುರುಡು ಕಳೆಯುವ ದಿನ ಬಂತು. ಅವತ್ತು ಮನೆಯೆಲ್ಲ ಗುಡಿಸಿ ತೊಳೆಯಬೇಕು. ಸಂಜೆ ಮಗುವಿಗೆ ಹೆಸರಿಡುವುದಿತ್ತು. ಬೆಳಿಗ್ಗೆ ಮಗುವಿಗೆ ನೀರು ಹಾಕಿ, ಕೆನ್ನೆಗೆ ದೃಷ್ಟಿಬೊಟ್ಟು ಇಟ್ಟು, ಹಳೇ ಸೀರೆಯ ಜೋಲಿಯಲ್ಲಿ ಮಲಗಿಸಿದೆ. ಸರೋಜ ಸ್ನಾನಕ್ಕೆ ಹೊರಟವಳು ನಿಂತು, ‘ಆ ಮೂಲೆ ಒಂದು ಬಿಟ್ಬಿಡು ಅಕ್ಕ’ ಎಂದಳು.

‘ಬಂದೋರ ಮುಂದೆ ಹಳೇ ರಂಗೋಲಿ ಇಟ್ಕೊಂಡು ಕೂರ್ತೀಯಾ?’

‘ಬುಟ್ಟಿ ಯಾರು ಎತ್ತಿ ನೋಡ್ತಾರೆ? ಬಿಡು ಅಂದೆ.’

ಮರೆತು ಗುಡಿಸಿದೆ ಎಂದು ಬರೆದರೆ ಸುಳ್ಳಾಗುತ್ತದೆ. ನನಗೆ ಚೆನ್ನಾಗಿ ನೆನಪಿತ್ತು. ಗುಡಿಸಿದರೆ ಏನೂ ಆಗುವುದಿಲ್ಲ ಎಂದು ತೋರಿಸಿ ಅವಳ ಹುಚ್ಚು ಬಿಡಿಸಬೇಕೆಂದೇ ಬುಟ್ಟಿ ಎತ್ತಿದೆ. ಪೊರಕೆಯನ್ನು ಎರಡು ಸಲ ಆಡಿಸಿದೆ. ಇಷ್ಟು ದಿನ ಹೆದರಿಸಿದ್ದು ಇಷ್ಟೇನಾ ಎಂದು ನಗುತ್ತಲೇ ಜೋಲಿಯ ಕಡೆ ತಿರುಗಿದೆ.

ಜೋಲಿ ಇರಲಿಲ್ಲ. ಆ ಸೀರೆ ಮಡಿಚಿದ ಹಾಗೇ ಹಗ್ಗದ ಮೇಲಿತ್ತು. ಒಲೆಯ ಹತ್ತಿರ ಒಣಗಲು ಹಾಕಿದ್ದ ಮಗುವಿನ ಬಟ್ಟೆಗಳಿಲ್ಲ. ಎಣ್ಣೆಯ ಬಟ್ಟಲಿಲ್ಲ. ಬಚ್ಚಲಿಂದ ಬಂದ ಸರೋಜ ಬಾಗಿಲಲ್ಲೇ ನಿಂತು ನನ್ನನ್ನು ನೋಡಿದಳು.

‘ಅಯ್ಯೋ, ನೀನು ಯಾವಾಗ ಬಂದೆ ಅಕ್ಕ?’

ಪಕ್ಕದ ಮನೆಗೆ ಓಡಿದೆ. ಅಲ್ಲಿನ ಸೆಲ್ವಿ ಹಿಂದಿನ ದಿನ ತಾನೇ ಮಗುವನ್ನು ಎತ್ತಿಕೊಂಡಿದ್ದಳು. ‘ಯಾವ ಮಗು ಅಕ್ಕಾ? ಸರೋಜಕ್ಕನ ಮುಂದೆ ಹಂಗೆಲ್ಲ ಕೇಳ್ಬೇಡಿ, ಪಾಪ’ ಎಂದಳು.

ತಿರುಗಿ ಬಂದಾಗ ಸರೋಜನ ರವಿಕೆಯ ಎದೆ ಒದ್ದೆಯಾಗಿತ್ತು. ‘ಮೈ ಸರಿಯಾಗಿ ಒರೆಸ್ಕೊಂಡೇ ಇಲ್ಲ ನೋಡು’ ಎಂದು ಸೆರಗೆಳೆದುಕೊಂಡಳು. ಅದು ನೀರಲ್ಲ. ಬಾಣಂತಿಯ ವಾಸನೆ ನನಗೆ ಗೊತ್ತು. ನನ್ನ ಬೆರಳ ತುದಿಯಲ್ಲಿ ದೃಷ್ಟಿಬೊಟ್ಟಿನ ಕಪ್ಪು ಇನ್ನೂ ಹಾಗೇ ಇತ್ತು.

ಹೊರಡುವಾಗ ಪುಡಿಯ ಡಬ್ಬಿಯನ್ನು ಚೀಲಕ್ಕೆ ಹಾಕಿಕೊಂಡೆ. ಕೆಲವು ದಿನ ಬಿಟ್ಟು ಸರೋಜ ಕೇಳಿದಳು, ‘ಆ ನೀಲಿ ಪುಡಿ ಕಾಣಿಸ್ತಿಲ್ಲ. ಒಂದು ಬರೆಯೋದಿತ್ತು.’ ನಲ್ಲಿಯ ಸಂಗತಿ, ತಾನೇ ಗುಡಿಸಿದ್ದು, ಅವಳಿಗೆ ನೆನಪಿತ್ತು. ‘ಖಾಲಿಯಾಗಿರ್ಬೇಕು’ ಎಂದೆ.

ಯಾಕೆ ಹಾಗೆಂದೆ? ಇನ್ನೊಂದು ಮಗು ಬಂದು ಅದನ್ನೂ ಯಾರಾದರೂ ಗುಡಿಸಿಬಿಟ್ಟರೆ ಎಂಬ ಹೆದರಿಕೆ, ಎಂದು ನನಗೆ ನಾನೇ ಹೇಳಿಕೊಳ್ಳುತ್ತೇನೆ. ನಿಜ ಅದಲ್ಲ. ಬರುವುದು ಬೇರೆ ಮಗು. ಆ ಮಡಿಚಿದ ಕಿವಿಯದರ ಜಾಗದಲ್ಲಿ ಬೇರೆಯದನ್ನು ನೋಡಲು ನನ್ನಿಂದ ಆಗುತ್ತಿರಲಿಲ್ಲ. ಮಗು ಅವಳದು, ಬೇಡ ಎಂದವಳು ನಾನು.

ಚಿಟಿಕೆ ಪುಡಿಯನ್ನು ಒಮ್ಮೆ ಶಂಕರಘಟ್ಟದ ಯೂನಿವರ್ಸಿಟಿಯಲ್ಲಿ ಕಲ್ಲು ಮಣ್ಣಿನ ಪಾಠ ಹೇಳುವ ಮೇಷ್ಟ್ರಿಗೆ ತೋರಿಸಿದೆ. ಗೋಪಾಳದ ನನ್ನ ಗಿರಾಕಿ ಮನೆಯವರು. ಇಂಥ ಕಲ್ಲು ತಾನು ಕಂಡಿಲ್ಲ, ಇನ್ನೊಂದಿಷ್ಟು ತನ್ನಿ ಎಂದರು. ನಾನು ತೆಗೆದುಕೊಂಡು ಹೋಗಲಿಲ್ಲ. ಉಳಿದದ್ದು ಡಬ್ಬಿಯಲ್ಲೇ ಇದೆ. ನನ್ನ ತಲೆ ಕೆಟ್ಟಿತ್ತೋ, ಅಂಥ ಮಗುವೊಂದು ಇತ್ತೋ, ಇವತ್ತಿಗೂ ನನಗೆ ಗೊತ್ತಾಗಿಲ್ಲ.

ನಾಮಕರಣಕ್ಕೆ ಕರೆದರೆ ಸರೋಜ ಈಗಲೂ ಪಾತ್ರೆ ತೊಳೆಯುವ ಕಡೆಯೇ ನಿಲ್ಲುತ್ತಾಳೆ. ನಾನೂ ಹೋಗಿ ಅವಳ ಪಕ್ಕ ಕೂತು ಪಾತ್ರೆ ಉಜ್ಜುತ್ತೇನೆ.

‘ನಿಂಗೇನು ಬಂತೇ ಅಕ್ಕ, ಒಳಗೆ ಹೋಗಿ ಮಗು ನೋಡು’ ಎನ್ನುತ್ತಾಳೆ.