ಗಂಡ ಕಡಲಲ್ಲಿದ್ದಾಗ ಒಡೆದ ಬಳೆ

ನಾನು ನಟಿಸಿದ್ದು ಮೂರೇ ಸಿನಿಮಾ. ಆದರೂ ನಟಿ ಎಂದು ಹೇಳಿಕೊಳ್ಳಲು ನನಗೇನೂ ನಾಚಿಕೆಯಿಲ್ಲ. ಮೂರನ್ನೂ ಮಾಡಿದವರು ಬ್ರಹ್ಮಾವರದ ಒಬ್ಬರು ಡ್ರಾಯಿಂಗ್ ಮೇಷ್ಟ್ರು. ಬಾಡಿಗೆ ಕ್ಯಾಮೆರಾ, ಊಟಕ್ಕೆ ಗಂಜಿ. ನಾಲ್ಕನೆಯದಕ್ಕೆ ಅವರಿಗೆ ಅದಕ್ಕೂ ಗತಿಯಿರಲಿಲ್ಲ. ಮೊದಲೆರಡರಲ್ಲಿ ನನ್ನದು ಮೀನು ಮಾರುವ ಹೆಂಗಸಿನ ಪಾತ್ರ, ನಮ್ಮೂರು ನಾವುಂದದಲ್ಲಿ ದಿನಾ ಮಾಡುತ್ತಿದ್ದ ಕೆಲಸವೇ. ಮನೆಯಲ್ಲಿ ಯಾರ ತಕರಾರೂ ಇರಲಿಲ್ಲ. ಮೂರನೆಯದರಲ್ಲಿ ಮುಖ್ಯ ಪಾತ್ರವನ್ನೇ ಕೊಟ್ಟರು: ಗಂಡ ಕಡಲಲ್ಲಿ ತೀರಿಕೊಂಡ ಹೆಂಗಸು. ಕುಂಕುಮ ಒರೆಸಿ, ಬಳೆ ಒಡೆಯಬೇಕು.

ಆಗ ನನ್ನ ಗಂಡ ನಿಜವಾಗಿಯೂ ಕಡಲಲ್ಲಿದ್ದರು, ಆಳಸಮುದ್ರದ ಬೋಟಿನಲ್ಲಿ. ಗಂಡಸರು ಮೀನಿಗೆ ಹೋದಾಗ ನಮ್ಮಲ್ಲಿ ಬಳೆ ತಾನಾಗಿ ಒಡೆದರೂ ಎದೆ ಧಸಕ್ಕೆನ್ನುತ್ತದೆ. ಅತ್ತೆ ಬಾಗಿಲಿಗೆ ಅಡ್ಡ ನಿಂತರು.

"ನಿಂಗೆ ತಲೆ ಸಮ ಇತ್ತಾ? ನನ್ ಮಗ ಕಡ್ಲಗೆ ಇದ್ದ, ನೀ ಬಳಿ ಒಡುಕೆ ಹೊರ್ಟದ್ದಾ?"

"ಒಡುದ್ ಪಾತ್ರದ್ ಬಳಿ, ನಂದಲ್ಲ" ಎಂದು ಚಪ್ಪಲಿ ಮೆಟ್ಟಿಕೊಂಡೆ.

ಮೇಷ್ಟ್ರಿಗೂ ಸುದ್ದಿ ಮುಟ್ಟಿತ್ತು. ಬೇರೆಯವರ ಕೈ ತೋರಿಸೋಣ, ನಿಮ್ಮದು ಮುಖ ಮಾತ್ರ ಸಾಕು ಎಂದರು. ನನಗೆ ಮೈಯೆಲ್ಲ ಉರಿಯಿತು. ಅಳುವ ಮುಖ ನನ್ನದು, ಒಡೆಯುವ ಕೈ ಮತ್ತೊಬ್ಬಳದಾ? ಆಗುವುದಿಲ್ಲ ಎಂದೆ. ಹೆದರಿಕೆ ಇರಲಿಲ್ಲವೆಂದಲ್ಲ, ಒಡೆಯುವ ಮೊದಲು ಎರಡು ಸಲ ಕೈ ಹಿಂದಕ್ಕೆ ಎಳೆದುಕೊಂಡೆ. ಅದೂ ನಟನೆಯೇ ಅಂದುಕೊಂಡು ಮೇಷ್ಟ್ರು ಭೇಷ್ ಎಂದರು.

ಬೋಟು ಹೇಳಿದ ದಿನ ಬರಲಿಲ್ಲ. ಅತ್ತೆ ಊಟ ಬಿಟ್ಟರು, ನನ್ನೊಡನೆ ಮಾತೂ ಬಿಟ್ಟರು. ನಾನು ಕೈತುಂಬ ಹೊಸ ಬಳೆ ತೊಟ್ಟು ಬಂದರಿಗೆ ಹೋಗಿ ನಿಂತೆ. ಒಳಗೊಳಗೇ ಜೀವ ಹೋಗುತ್ತಿತ್ತು. ಕೊನೆಗೆ ಎಂಜಿನ್ ಕೆಟ್ಟ ಆ ಬೋಟನ್ನು ಇನ್ನೊಂದು ಬೋಟು ಎಳೆದು ತಂದಿತು. ಎಲ್ಲರೂ ಕ್ಷೇಮವಾಗಿದ್ದರು, ಮೀನು ಮಾತ್ರ ಇರಲಿಲ್ಲ. ಎಂಜಿನ್ ಕೆಟ್ಟದ್ದನ್ನೂ ಮೀನು ಸಿಗದ್ದನ್ನೂ ಬಂದರಿನಲ್ಲಿದ್ದವರು ನಾನು ಒಡೆದ ಬಳೆಯ ತಲೆಗೇ ಕಟ್ಟಿದರು.

"ಬೋಟಗೆ ಇದ್ದೋರ ಹೆಂಡ್ತೀರೆಲ್ಲ ಬಳಿ ಹಾಕಂಡೇ ಇದ್ದಿದ್ರಲೆ" ಎಂದು ಅಲ್ಲೇ, ಎಲ್ಲರೆದುರು ಕೇಳಿದೆ. "ಇಂಜಿನಿಗೆ ನಂದೊಂದೇ ಕೈ ಕಂಡದ್ದಾ?"



ಮುಂದಿನ ವರ್ಷ ಕುಂದಾಪುರದ ಒಂದು ಸಭಾಭವನದಲ್ಲಿ ಬಿಳಿ ಬಟ್ಟೆ ಕಟ್ಟಿ ಸಿನಿಮಾ ತೋರಿಸಿದರು. ಬರುವುದೇ ಇಲ್ಲ ಎಂದಿದ್ದ ಅತ್ತೆ ಮುಂದಿನ ಸಾಲಿನಲ್ಲೇ ಕೂತರು. ಪರದೆಯ ಮೇಲೆ ಬಳೆ ಒಡೆದಾಗ ಪಕ್ಕದಲ್ಲಿದ್ದ ಮಗನ ಕೈ ಗಟ್ಟಿಯಾಗಿ ಹಿಡಿದುಕೊಂಡು ಬಿಕ್ಕಿ ಬಿಕ್ಕಿ ಅತ್ತರು. ಹೊರಗೆ ಬಂದಮೇಲೆ ನನ್ನ ಗಂಡ ನಗುತ್ತಾ ಕೇಳಿದರು.

"ನಾನ್ ಸತ್ರೂ ಇಷ್ಟೇ ಚಂದ ಅಳ್ತ್ಯಾ?"

"ಆ ಅಳು ಅತ್ತಾಯ್ತ್" ಎಂದೆ. "ಇನ್ನ್ ನಾ ಅಳ್ತಿಲ್ಲೆ. ನೀವ್ ಪ್ರತಿ ಸಲ ಮನಿಗೆ ಬರ್ಬೇಕ್."