ಬರ್ತಾ ತಗೋತೀನಿ ಅಂದ ನಳಿನಿ ಆಂಟಿ

ನಳಿನಿ ಆಂಟಿಯ ಡೈರಿಯ ವಿಷಯ ಹೇಳುತ್ತೇನೆ ಕೇಳಿ. ಡಾಲಸ್ ಸುತ್ತಮುತ್ತ ಕನ್ನಡದವರ ಯಾವ ಊಟಕ್ಕೆ ಬೇಕಾದರೂ ಹೋಗಿ, ಕೈ ತೊಳೆಯುವ ಹೊತ್ತಿಗೆ ಎಲ್ಲರೂ ಹೇಳುವುದು ಒಂದೇ ಮಾತು: "ಒಂದ್ಸಲ ಮನೆಗೆ ಬನ್ನಿ." ಕೇಳಿಸಿಕೊಂಡವರು "ಖಂಡಿತಾ ಬರ್ತೀವಿ" ಅನ್ನುತ್ತಾರೆ. ಅಲ್ಲಿಗೆ ಮುಗಿಯಿತು. ಯಾರೂ ಹೋಗುವುದಿಲ್ಲ, ಯಾರೂ ಕಾಯುವುದೂ ಇಲ್ಲ. ನಳಿನಿ ಆಂಟಿಯ ಹತ್ತಿರ ಮಾತ್ರ ಈ ಆಟ ನಡೆಯುವುದಿಲ್ಲ.

ಈ ಸಲದ ಯುಗಾದಿ ಊಟದಲ್ಲಿ ಪಾಪ ಶ್ರಾವಣಿ ಸಿಕ್ಕಿಬಿದ್ದಳು. ಬೆಂಗಳೂರಿನಿಂದ ಡಾಲಸ್ ಪಕ್ಕದ ಕಾಪೆಲ್‌ಗೆ ಬಂದು ಮೂರು ತಿಂಗಳಾಗಿತ್ತಷ್ಟೆ, ಅವಳಿಗೇನು ಗೊತ್ತು? "ಆಂಟಿ, ಒಂದ್ಸಲ ಮನೆಗೆ ಬನ್ನಿ" ಅಂದಳು. ಆಂಟಿ ಚಿತ್ರಾನ್ನದ ತಟ್ಟೆಯನ್ನು ಕುರ್ಚಿಯ ಮೇಲಿಟ್ಟು ಬ್ಯಾಗಿನಿಂದ ಡೈರಿ ತೆಗೆದರು.

"ಯಾವತ್ತು?"

"ಅಯ್ಯೋ, ಯಾವತ್ತಾದ್ರೂ ಆಂಟಿ!"

"ಯಾವತ್ತಾದ್ರೂ ಅನ್ನೋ ದಿನ ಕ್ಯಾಲೆಂಡರ್‌ನಲ್ಲಿ ಇಲ್ಲಮ್ಮ. ಇಪ್ಪತ್ತಾರನೇ ತಾರೀಕು ಶನಿವಾರ, ನಾಲ್ಕು ಗಂಟೆ. ಆಗುತ್ತಾ, ಆಗಲ್ವಾ? ಆಗಲ್ಲ ಅಂದ್ರೆ ಈಗ್ಲೇ ಹೇಳು, ನಂಗೇನೂ ಬೇಜಾರಿಲ್ಲ."

ಶ್ರಾವಣಿ ಗಂಡನ ಮುಖ ನೋಡಿದಳು, ಗಂಡ ಸೀಲಿಂಗ್ ಫ್ಯಾನ್ ನೋಡಿದ. ಇಪ್ಪತ್ತಾರನೇ ತಾರೀಕು ನಾಲ್ಕಕ್ಕೆ ಸರಿಯಾಗಿ ಆಂಟಿ ಒಂದು ಡಬ್ಬಿ ಕೋಡುಬಳೆ ಹಿಡಿದು ಅವರ ಬಾಗಿಲು ತಟ್ಟಿದರು. ಶ್ರಾವಣಿ ಆ ಬೆಳಿಗ್ಗೆ ಮನೆಯನ್ನು ಎರಡು ಸಲ ವ್ಯಾಕ್ಯೂಮ್ ಮಾಡಿದ್ದಳಂತೆ.

ಇದನ್ನು ಕೇಳಿ ನಗುವವರಿಗೆ ಗೊತ್ತಿಲ್ಲದ ವಿಷಯ ಏನೆಂದರೆ, ಆಂಟಿ ಮೊದಲಿನಿಂದ ಹೀಗಿರಲಿಲ್ಲ. ಅವರೂ ಎಲ್ಲರ ಹಾಗೆ "ನೋಡೋಣ", "ಬರ್ತೀವಿ", "ಆಮೇಲೆ ಮಾಡ್ತೀನಿ" ಅನ್ನುತ್ತಿದ್ದವರೇ. ಹೀಗಾಗಿದ್ದು ವಿಯೆಟ್ನಾಮಿನ ಬೆಟ್ಟದಲ್ಲಿ, ಒಬ್ಬ ಅಜ್ಜಿಯ ಕಿರುಬೆರಳಿನಿಂದ.

ಆಂಟಿಗೆ ಈಗ ಐವತ್ತನಾಲ್ಕು. ಮೈಸೂರಿನವರು, ಸಾಫ್ಟ್‌ವೇರ್ ಟೆಸ್ಟಿಂಗ್ ಕೆಲಸ. ಕೂತಲ್ಲಿ ಕೂರದ ಜೀವ. ಫೋನ್ ಬಂದರೆ ಎದ್ದು ನಡೆಯುತ್ತಾರೆ, ಅಡುಗೆಮನೆಯಿಂದ ಗರಾಜಿಗೆ, ಗರಾಜಿನಿಂದ ಹಿತ್ತಲಿಗೆ. ಕನ್ನಡ ಸಂಘದ ಸಮಾರಂಭದಲ್ಲಿ ಭಾಷಣ ಹತ್ತು ನಿಮಿಷ ದಾಟಿತೋ, ಆಂಟಿ ಕಾರಿಡಾರಿನಲ್ಲಿರುತ್ತಾರೆ. ಅವರ ಯಜಮಾನರು ಸತ್ಯಪ್ರಕಾಶ್ ಅಂಕಲ್ ಹೇಳುವುದು: "ಇವಳನ್ನ ಒಂದ್ಕಡೆ ಕೂರಿಸ್ಬೇಕು ಅಂದ್ರೆ ಸೀಟ್ ಬೆಲ್ಟೇ ಗತಿ."

ತೊಂಬತ್ತೊಂಬತ್ತರಲ್ಲಿ ಅವರು ಹ್ಯೂಸ್ಟನ್‌ನಲ್ಲಿದ್ದರು. ಆ ಸೆಪ್ಟೆಂಬರ್‌ನಲ್ಲಿ ಅಂಕಲ್‌ಗೆ ಅವರ ಎಣ್ಣೆ ಕಂಪನಿ ಹನೋಯ್‌ನಲ್ಲಿ ಹತ್ತು ದಿನದ ಕೆಲಸ ಕೊಟ್ಟಿತು. ಜೊತೆಗೆ ಹೋದ ಆಂಟಿ ಹೋಟೆಲಿನಲ್ಲಿ ಒಂದೂವರೆ ದಿನ ಇದ್ದರು. ಎರಡನೇ ದಿನ ಮಧ್ಯಾಹ್ನ ಕೆಳಗಿನ ಟ್ರಾವೆಲ್ ಅಂಗಡಿಯ ಗೋಡೆಯಲ್ಲಿ ಒಂದು ಚಿತ್ರ ಕಂಡರು. ಬೆಟ್ಟವನ್ನು ಬುಡದಿಂದ ತುದಿಯವರೆಗೆ ಮೆಟ್ಟಿಲು ಮೆಟ್ಟಿಲಾಗಿ ಕೆತ್ತಿ ಭತ್ತ ಬೆಳೆದಿದ್ದಾರೆ, ತೆನೆ ಹಳದಿಗೆ ತಿರುಗಿದೆ. ಸಾಪಾ ಅನ್ನುವ ಊರು. ಗೈಡ್ ಜೊತೆ ಎರಡು ದಿನದ ನಡಿಗೆ, ರಾತ್ರಿ ಹಳ್ಳಿಯವರ ಮನೆಯಲ್ಲಿ ವಾಸ. ಆಂಟಿ ಅವತ್ತೇ ರೈಲು ಹತ್ತಿದರು.

ಗೈಡ್ ಹೆಸರು ಪಾಂಗ್. ಹದಿನೇಳು ವರ್ಷದವಳು, ಅಲ್ಲಿನ ಬೆಟ್ಟದ ಹ್ಮೊಂಗ್ ಬುಡಕಟ್ಟಿನ ಹುಡುಗಿ. ಶಾಲೆಗೆ ಹೋದವಳಲ್ಲ, ಪ್ರವಾಸಿಗಳ ಜೊತೆ ನಡೆದೂ ನಡೆದೂ ಇಂಗ್ಲಿಷ್ ಕಲಿತವಳು. ಊರು ಬಿಡುವಾಗಲೇ ಬೆನ್ನಿಗೆ ಬಿದಿರು ಬುಟ್ಟಿ ಕಟ್ಟಿಕೊಂಡ ನಾಲ್ಕೈದು ಹೆಂಗಸರು ಜೊತೆಗೆ ಹೊರಟರು. ಅವರಲ್ಲೊಬ್ಬ ಅಜ್ಜಿ ಚೋ. ಆಂಟಿಯ ಭುಜದಷ್ಟು ಎತ್ತರ, ಬಟ್ಟೆಗೆ ನೀಲಿ ಬಣ್ಣ ಹಾಕಿ ಹಾಕಿ ಮೊಣಕೈವರೆಗೂ ನೀಲಿಯಾದ ಕೈ, ಕಾಲಿಗೆ ಪ್ಲಾಸ್ಟಿಕ್ ಚಪ್ಪಲಿ. ಹಿಂದಿನ ದಿನ ಮಳೆ ಬಂದು ಗದ್ದೆಯ ಬದುಗಳೆಲ್ಲ ಸೋಪು ಹಚ್ಚಿದ ಹಾಗಿದ್ದವು. ದುಬಾರಿ ಶೂ ಹಾಕಿದ್ದ ಆಂಟಿ ಮೊದಲ ಬದುವಿನಲ್ಲೇ ಜಾರಿದರು. ಚೋ ಬಂದು ಕೈ ಹಿಡಿದಳು. ಆಮೇಲೆ ನಾಲ್ಕು ಗಂಟೆ ಆ ಕೈ ಬಿಡಲಿಲ್ಲ. ಆಂಟಿಯನ್ನು ಬದುವಿನ ಮೇಲೆ ನಡೆಸಿ ತಾನು ಕೆಳಗಿನ ಗದ್ದೆಯ ಕೆಸರಿನಲ್ಲಿ ನಡೆದಳು. ನಿಂತಲ್ಲೆಲ್ಲ ಹುಲ್ಲಿನಲ್ಲಿ ಒಂದೊಂದು ಕುದುರೆ ಹೆಣೆದು ಕೊಟ್ಟಳು.

ಬಿದಿರಿನ ಸೇತುವೆಯ ಹತ್ತಿರ ಊಟಕ್ಕೆ ನಿಂತಾಗ ಚೋ ಬುಟ್ಟಿ ಬಿಚ್ಚಿದಳು. ಒಳಗೆ ಒಂದೇ ಒಂದು ಬಟ್ಟೆ. ನೀಲಿಯ ಮೇಲೆ ಕೆಂಪು ಕಸೂತಿ, ಎರಡು ಚಳಿಗಾಲ ಕೂತು ಹೊಲಿದಿದ್ದು.

"ಅಕ್ಕ, ನನ್ನ ಹತ್ರ ತಗೋ," ಅಂದಳು ತನಗೆ ಬರುವ ಹತ್ತು ಇಂಗ್ಲಿಷ್ ಮಾತುಗಳಲ್ಲಿ.

ಆಂಟಿಗೆ ಹಸಿವು, ಕಾಲು ನೋವು, ಬ್ಯಾಗ್ ಬಿಚ್ಚಲು ಬೇಸರ. ದೇವರಾಜ ಮಾರ್ಕೆಟ್ಟಿನಲ್ಲಿ ಹೂವಿನವರಿಗೂ ನಿಂಬೆಹಣ್ಣಿನವರಿಗೂ ಸಾವಿರ ಸಲ ಹೇಳಿದ ಮಾತು ಬಾಯಿಗೆ ತಾನಾಗಿ ಬಂತು. "ಬರ್ತಾ ತಗೋತೀನಿ."

"ಯಾವಾಗ ಬರ್ತೀಯ?"

"ನಾಳೆ."

"ಬೇರೆಯವರ ಹತ್ರ ತಗೋಬಾರ್ದು. ಪ್ರಾಮಿಸ್?" ಚೋ ಕಿರುಬೆರಳು ಚಾಚಿದಳು. ಆಂಟಿ ನಗುತ್ತಾ ತಮ್ಮ ಕಿರುಬೆರಳು ಕೊಕ್ಕೆ ಹಾಕಿದರು.

ವಾಪಸು ಆ ದಾರಿಯಲ್ಲಿ ಇರಲಿಲ್ಲ. ಎರಡನೇ ದಿನದ ಕೊನೆಗೆ ಕಣಿವೆಯ ಆಚೆ ಬದಿಯಿಂದ ಜೀಪು ಬಂದು ಕರೆದೊಯ್ಯುವುದು ಎಂದು ಜೇಬಿನಲ್ಲಿದ್ದ ಕಾಗದದಲ್ಲೇ ಅಚ್ಚಾಗಿತ್ತು. ಆಂಟಿಗೆ ಅದು ಗೊತ್ತಿತ್ತು. ಇದನ್ನು ಅವರು ಯಾರಿಂದಲೂ ಮುಚ್ಚಿಡುವುದಿಲ್ಲ, "ಗೊತ್ತಿತ್ತು ಕಣೋ, ಗೊತ್ತಿದ್ದೇ ಹೇಳ್ದೆ" ಅನ್ನುತ್ತಾರೆ.

ಹ್ಯೂಸ್ಟನ್‌ಗೆ ಬಂದ ಮೇಲೆ ಎಲ್ಲ ಮರೆತೂ ಹೋಗಿತ್ತು. ಆಫೀಸಿನಲ್ಲಿ ವೈಟುಕೆ ಗಲಾಟೆ, ಎರಡು ಸಾವಿರನೇ ಇಸವಿ ಬಂದರೆ ಕಂಪ್ಯೂಟರ್‌ಗಳು ತಾರೀಕು ತಪ್ಪುತ್ತವೋ ಎಂದು ದಿನವಿಡೀ ಪರೀಕ್ಷೆ. ಡಿಸೆಂಬರ್‌ನಲ್ಲಿ, ಪಾಂಗ್‌ಗೆ ಕೊಟ್ಟುಬಂದಿದ್ದ ವಿಳಾಸಕ್ಕೆ ಒಂದು ಈಮೇಲ್ ಬಂತು. ಪಾಂಗ್ ಹೇಳಿದ್ದನ್ನು ಯಾರೋ ಫ್ರೆಂಚ್ ಪ್ರವಾಸಿ ಸಾಪಾದ ಇಂಟರ್ನೆಟ್ ಅಂಗಡಿಯಲ್ಲಿ ಕೂತು ಟೈಪ್ ಮಾಡಿದ್ದ. ಎರಡೇ ಸಾಲು. "ಚೋ ಸೇತುವೆಯ ಹತ್ತಿರ ಎರಡು ದಿನ ಕೂತಿದ್ದಳು. ಟೆಕ್ಸಸ್ ಅಕ್ಕನಿಗೆ ಹುಷಾರಿಲ್ಲವೇ ಎಂದು ಕೇಳುತ್ತಿದ್ದಾಳೆ."

ಸುಳ್ಳು ಹೇಳಿದಳು ಎಂದು ಬೈದಿದ್ದರೆ ಆಂಟಿ ತಡೆದುಕೊಳ್ಳುತ್ತಿದ್ದರೋ ಏನೋ. ಹುಷಾರಿಲ್ಲವೇ ಎಂದು ಕೇಳಿದ್ದು ಎದೆಗೆ ನಾಟಿತು.

"ಒಂದು ಪಾರ್ಸೆಲ್ ಕಳಿಸ್ಬಿಡೇ, ಸ್ವೆಟರ್ರೋ ಏನೋ," ಅಂದರು ಅಂಕಲ್.

"ಏನಂತ ವಿಳಾಸ ಬರೀಲಿ? ಸೇತುವೆ ಪಕ್ಕದ ಅಜ್ಜಿ ಅಂತಲಾ?"

"ಹಾಗಾದ್ರೆ ಮುಂದಿನ ವರ್ಷ ಹೋಗೋಣ ಬಿಡು."

"ಹೋಗೋಣ ಬಿಡು ಅಂದ್ರೆ ಹೋಗೋಣ ಅಂತಲಾ, ಬಿಡು ಅಂತಲಾ?"

ಮುಂದಿನ ವರ್ಷ ಆಗಲಿಲ್ಲ. ವೈಟುಕೆ ಮುಗಿದು ಪ್ರಾಜೆಕ್ಟ್ ಮುಗಿಯಿತು, ಆಸ್ಟಿನ್‌ನಲ್ಲಿ ಹೊಸ ಕೆಲಸ ಸಿಕ್ಕಿತು. ವಾರವೆಲ್ಲ ಅಲ್ಲಿ, ವಾರಾಂತ್ಯಕ್ಕೆ ಹ್ಯೂಸ್ಟನ್. ಎರಡು ಸಾವಿರದ ಒಂದರಲ್ಲಿ ಆ ಕಂಪನಿಯೇ ಮುಳುಗಿತು. ಎಂಟು ತಿಂಗಳು ಮನೆಯಲ್ಲಿ. ಆಮೇಲೆ ಲಾಸ್ ಕೊಲಿನಾಸ್‌ನಲ್ಲಿ ಕೆಲಸ ಸಿಕ್ಕಿ ಇಬ್ಬರೂ ಡಾಲಸ್ ಕಡೆಗೆ ಶಿಫ್ಟ್ ಆದರು. ಟಿಕೆಟ್ ನೋಡುವ ಹೊತ್ತಿಗೆ ಆ ಕಡೆ ಸಾರ್ಸ್ ಜ್ವರ. ಪ್ರತಿ ಸೆಪ್ಟೆಂಬರ್ ಬಂದಾಗಲೂ ಆಂಟಿ ಹೆಚ್ಚು ನಡೆಯುತ್ತಿದ್ದರಂತೆ. ಸಾರಿಗೆ ಒಗ್ಗರಣೆ ಇಟ್ಟು ಹಿತ್ತಲಿಗೆ ಹೋದರೆ ಒಗ್ಗರಣೆ ಸೀದ ಮೇಲೆ ಬರುವುದು. ಚೋಗೆ ಎಷ್ಟು ವಯಸ್ಸೋ, ಇದ್ದಾಳೋ ಇಲ್ಲವೋ. ಅಷ್ಟರಲ್ಲಿ ಡೈರಿ ಶುರುವಾಗಿತ್ತು. ಆಗದ ಮಾತಿಗೆ "ಆಗಲ್ಲ" ಅನ್ನುವುದನ್ನು ಆಂಟಿ ಅಭ್ಯಾಸ ಮಾಡತೊಡಗಿದ್ದರು.

ಎರಡು ಸಾವಿರದ ಆರರಲ್ಲಿ ಕೊನೆಗೂ ತಾರೀಕು ಬರೆದರು. ಒಬ್ಬಳೇ ಬೇಡ ಎಂದು ಅಂಕಲ್ ಹಟ ಹಿಡಿದಿದ್ದರಿಂದ ಐದು ಜನ ಕನ್ನಡದವರನ್ನು ಒಟ್ಟುಮಾಡಿದರು. ತರಬೇತಿ ಎಲ್ಲಿ? ಡಾಲಸ್‌ನಲ್ಲಿ ಗುಡ್ಡ ಎಲ್ಲಿದೆ ಹೇಳಿ, ದೋಸೆ ಹಂಚಿನ ಹಾಗೆ ಸಪಾಟು. ಹಾಗಾಗಿ ಲಾಸ್ ಕೊಲಿನಾಸ್‌ನ ಆಫೀಸ್ ಪಾರ್ಕಿಂಗ್ ಗ್ಯಾರೇಜ್. ಶನಿವಾರ ಖಾಲಿ ಇರುತ್ತದೆ, ಐದು ಮಹಡಿ, ಇಳಿಜಾರು. ಎಲ್ಲರ ಬೆನ್ನಿಗೂ ಹತ್ತು ಪೌಂಡಿನ ಸೋನಾ ಮಸೂರಿ ಚೀಲ.

ಕಾಪೆಲ್‌ನಲ್ಲಿ ಬೋರ್ಡ್ ಬರೆಯುವ ಅಂಗಡಿ ಇಟ್ಟಿರುವ ಧಾರವಾಡದ ಚನ್ನಮಲ್ಲಪ್ಪ ಅಂಕಲ್ ಮೂರನೇ ಮಹಡಿಯಲ್ಲಿ ಕೂತುಬಿಟ್ಟರು. "ಏನ್ರಿ ಅಕ್ಕಾರ, ನಾವು ಗುಡ್ಡ ಹತ್ತಾಕ ಹೊಂಟೇವೋ, ಅಕ್ಕಿ ಮಾರಾಕ ಹೊಂಟೇವೋ?"

ಸೆಕ್ಯುರಿಟಿ ಗಾರ್ಡ್ ಗಾಲ್ಫ್ ಗಾಡಿಯಲ್ಲಿ ಬಂದು ಪಾಪ ತುಂಬಾ ಮರ್ಯಾದೆಯಿಂದ ವಿಚಾರಿಸಿದ, ಕಾರು ಎಲ್ಲಿ ನಿಲ್ಲಿಸಿದ್ದೀರಿ ಎಂದು ಮರೆತಿದೆಯೇ, ಹುಡುಕಿಕೊಡಲೇ ಎಂದು.

ಸೆಪ್ಟೆಂಬರ್‌ನಲ್ಲಿ ಸಾಪಾ ಸೇರಿದರು. ಪಾಂಗ್‌ಗೆ ಈಗ ಇಪ್ಪತ್ತನಾಲ್ಕು, ಬೆನ್ನಲ್ಲಿ ಮಗು. ಆಂಟಿ ಗುಂಪಿನ ಮುಂದೆ ಓಡುತ್ತಿದ್ದರು, ಪಾಂಗ್ ಎಲ್ಲರಿಗಿಂತ ನಿಧಾನದವರ ಹಿಂದೆ ಬರುತ್ತಿದ್ದಳು. ಬಿದಿರಿನ ಸೇತುವೆ ಇದ್ದ ಜಾಗದಲ್ಲಿ ಸಿಮೆಂಟಿನ ಸೇತುವೆ ಬಂದಿತ್ತು. ಬುಟ್ಟಿಯ ಹೆಂಗಸರು ಹತ್ತಾರು ಜನ ಇದ್ದರು. ಆಂಟಿ ಒಬ್ಬೊಬ್ಬರ ಮುಖವನ್ನೂ ನೋಡಿದರು. ಚೋ ಇರಲಿಲ್ಲ.

"ಚೋ ಈಗ ರಸ್ತೆಗೆ ಬರಲ್ಲ ಅಕ್ಕ," ಅಂದಳು ಪಾಂಗ್. "ಕಣ್ಣು ಮಂಜು. ಮನೆ ಅಲ್ಲಿ." ತೋರಿಸಿದ್ದು ಗದ್ದೆಗಳ ತೀರಾ ಮೇಲೆ, ಮೋಡದ ಅಂಚಿನಲ್ಲಿ. ಎರಡು ಗಂಟೆ ಏರು, ನಮ್ಮ ದಾರಿಯಲ್ಲಿ ಬರುವುದಿಲ್ಲ, ಮಳೆ ಬರುವ ಹಾಗಿದೆ, ಗುಂಪು ಒಡೆಯುವಂತಿಲ್ಲ ಎಂದೂ ಹೇಳಿದಳು.

ಎಲ್ಲರೂ ಚನ್ನಮಲ್ಲಪ್ಪ ಅಂಕಲ್ ಕಡೆ ನೋಡಿದರು. ಅವರ ಮೊಣಕಾಲು ಬೆಳಿಗ್ಗೆಯೇ ಊದಿತ್ತು. ಅಂಕಲ್ ಬೆಟ್ಟ ನೋಡಿದರು, ಆಂಟಿಯನ್ನು ನೋಡಿದರು. "ನಾಕು ವರ್ಷದಿಂದ ನಮ್ಮ ತಲಿ ತಿಂದೀರಿ. ಇಲ್ಲಿಂದ ವಾಪಸ್ ಹೋದ್ರ ಇನ್ನ ನಾಕು ವರ್ಷ ತಿಂತೀರಿ. ನಡೀರಿ, ಹತ್ತೂಣು."

ಮೂರು ಗಂಟೆ ಹಿಡಿಯಿತು. ಅರ್ಧಕ್ಕೆ ಮಳೆಯೂ ಬಂತು. ಮರದ ಹಲಗೆಯ ಮನೆ, ಬಾಗಿಲಲ್ಲಿ ಬಟ್ಟೆಗೆ ಹಾಕುವ ನೀಲಿ ಬಣ್ಣ ತುಂಬಿದ ಪೀಪಾಯಿ. ಒಲೆಯ ಪಕ್ಕ ಚೋ ಕೂತಿದ್ದಳು, ಇನ್ನೂ ಚಿಕ್ಕವಳಾಗಿದ್ದಳು. ಪಾಂಗ್ ತಮ್ಮ ಭಾಷೆಯಲ್ಲಿ ಏನೋ ಹೇಳಿದಳು, ನಡುವೆ ಟೆಕ್ಸಸ್ ಅನ್ನುವುದಷ್ಟೇ ತಿಳಿಯಿತು. ಚೋ ಎದ್ದು ಬಂದು ಆಂಟಿಯ ಮುಖಕ್ಕೆ ಮುಖ ತಂದು ನೋಡಿ ಒಂದು ಮಾತು ಕೇಳಿದಳು.

"ಆಗ ಹುಷಾರು ತಪ್ಪಿತ್ತಾ ಅಂತ ಕೇಳ್ತಿದ್ದಾಳೆ," ಅಂದಳು ಪಾಂಗ್.

ಹಿಂದಿನಿಂದ ಚನ್ನಮಲ್ಲಪ್ಪ ಅಂಕಲ್ ಮೆಲ್ಲಗೆ, "ಹೂಂ ಅನ್ರಿ ಅಕ್ಕಾರ. ಜ್ವರ ಬಂದಿತ್ತು ಅನ್ರಿ. ಮುದುಕಿಗೆ ಸಮಾಧಾನ ಆಗ್ತದ."

"ಇಲ್ಲ," ಅಂದರು ಆಂಟಿ. ಪಾಂಗ್‌ಗೆ ಇಂಗ್ಲಿಷಿನಲ್ಲಿ, ಒಂದೊಂದೇ ಮಾತಾಗಿ ಹೇಳಿದರು. "ನಂಗೆ ಏನೂ ಆಗಿರಲಿಲ್ಲ. ಜೀಪು ಬೇರೆ ದಾರೀಲಿ ಬರುತ್ತೆ ಅಂತ ಮೊದಲೇ ಗೊತ್ತಿತ್ತು. ಸುಳ್ಳು ಹೇಳಿದ್ದೆ."

ಪಾಂಗ್ ಅದನ್ನು ದಾಟಿಸಲು ಹಿಂದೆಮುಂದೆ ನೋಡಿದಳು. "ಹೇಳು," ಅಂದರು ಆಂಟಿ. ಹೇಳಿದಳು.

ಚೋ ಒಲೆಗೆ ಒಂದು ಕಟ್ಟಿಗೆ ದೂಡಿದಳು, ಇನ್ನೊಂದು ದೂಡಿದಳು. ಆಂಟಿಗೆ ಎದ್ದು ಹೊರಗೆ ಓಡಿಹೋಗಬೇಕು ಅನ್ನಿಸಿತ್ತಂತೆ. ಕಾಲು ಕುಣಿಯುತ್ತಿತ್ತು, ಕೈಯಲ್ಲಿ ಒತ್ತಿ ಹಿಡಿದುಕೊಂಡು ಕೂತರು. ಆಮೇಲೆ ಚೋ ಏನೋ ಹೇಳಿದಳು, ಪಾಂಗ್ ಪಕ್ಕನೆ ನಕ್ಕಳು.

"ಎರಡು ದಿನ ಕಾದಳಂತೆ. ಮೂರನೇ ದಿನ ಆ ಬಟ್ಟೆ ಒಬ್ಬ ಫ್ರೆಂಚ್ ಹೆಂಗಸಿಗೆ ಕೊಟ್ಟಳಂತೆ. ನೀನು ಬಂದುಬಿಟ್ಟರೆ ಏನು ಹೇಳೋದು ಅಂತ ಇವಳಿಗೂ ಇಷ್ಟು ವರ್ಷ ಚಿಂತೆಯಂತೆ."

ಚನ್ನಮಲ್ಲಪ್ಪ ಅಂಕಲ್ ಗಟ್ಟಿಯಾಗಿ ನಕ್ಕರು. ಆಂಟಿ ಅತ್ತರು. ಚೋ ಇಬ್ಬರಿಗೂ ಬಿಸಿನೀರು ಕೊಟ್ಟಳು.

ಕೊಳ್ಳಲು ಏನಾದರೂ ಇದೆಯೇ ಎಂದು ಆಂಟಿ ಕೇಳಿದರು. ಏನೂ ಇರಲಿಲ್ಲ. ಕಣ್ಣು ಹೋದ ಮೇಲೆ ಚೋ ಸೂಜಿ ಹಿಡಿದಿಲ್ಲ. ಸೊಸೆ ಹೊಲಿಯುತ್ತಾಳೆ, ತೋರಿಸಿ ಹೇಳಿ ಮಾಡಿಸುತ್ತೇನೆ, ಹಳೆಯದರ ಹಾಗೇ ಇರುತ್ತದೆ ಅಂದಳು. ಆಮೇಲೆ ನೀಲಿ ಕಿರುಬೆರಳು ಮುಂದೆ ಬಂತು. "ಬರ್ತೀಯಾ, ಬರಲ್ವಾ? ನಿಜ ಹೇಳು."

ಬರುವ ವರ್ಷವೇ ಬರುತ್ತೇನೆ ಅನ್ನುವುದು ಆಂಟಿಯ ನಾಲಿಗೆಯ ತುದಿಯಲ್ಲಿತ್ತು. ಅನ್ನಲಿಲ್ಲ. ಡೈರಿ ತೆಗೆದರು. ರಜೆ ಎಷ್ಟಿದೆ, ಸತ್ಯಪ್ರಕಾಶ್ ಅಂಕಲ್‌ಗೆ ಮಂಡಿ ಆಪರೇಷನ್ ಯಾವಾಗ, ಎಲ್ಲ ಯೋಚಿಸಿದರು. ಮಳೆ ಸೂರಿನಿಂದ ಸುರಿಯುತ್ತಲೇ ಇತ್ತು, ಯಾರೂ ಅವಸರ ಮಾಡಲಿಲ್ಲ. "ಮುಂದಿನ ವರ್ಷ ಆಗಲ್ಲ," ಅಂದರು. "ಅದರ ಮುಂದಿನ ಸೆಪ್ಟೆಂಬರ್. ಕೊಯ್ಲಿಗೆ ಮುಂಚೆ." ಆಮೇಲೆ ಬೆರಳು ಕೊಟ್ಟರು.

ಅದರ ಮುಂದಿನ ಸೆಪ್ಟೆಂಬರ್ ಅಂದರೆ ಈ ವರ್ಷದ್ದು, ಎರಡು ಸಾವಿರದ ಎಂಟು. ಬಟ್ಟೆ ಮುಗಿಯಿತಂತೆ, ಚೋ ಕೇಳುತ್ತಿದ್ದಾಳಂತೆ, ಪಾಂಗ್ ಈಗ ಈಮೇಲನ್ನು ತಾನೇ ಬರೆಯುತ್ತಾಳೆ. ಆಂಟಿಗೆ ಆಫೀಸಿನಲ್ಲಿ ಮತ್ತೆ ಏನೋ ಗಡಿಬಿಡಿ, ಪ್ರಾಜೆಕ್ಟ್ ಇರುತ್ತದೋ ಇಲ್ಲವೋ ತಿಳಿಯದು. ಟಿಕೆಟ್ ಮಾತ್ರ ಆಗಿದೆ. ಪ್ರತಿ ಶನಿವಾರ ಬೆಳಿಗ್ಗೆ ಏಳಕ್ಕೆ ಅದೇ ಗ್ಯಾರೇಜಿನಲ್ಲಿ ಅಕ್ಕಿ ಚೀಲ ಹೊತ್ತು ಹತ್ತಿ ಇಳಿಯುತ್ತಿರುತ್ತಾರೆ. ಈಗ ಮುಂದೆ ಓಡುವುದಿಲ್ಲ, ಎಲ್ಲರಿಗಿಂತ ನಿಧಾನದವರ ಹಿಂದೆ ನಡೆಯುತ್ತಾರೆ, ಅಂದರೆ ಚನ್ನಮಲ್ಲಪ್ಪ ಅಂಕಲ್ ಹಿಂದೆ. ಗಾರ್ಡ್ ಕೂಡ ಈಗ ಗಾಡಿ ಬಿಟ್ಟು ಅವರ ಜೊತೆ ಎರಡು ಸುತ್ತು ನಡೆಯುತ್ತಾನೆ.

ನೀವೂ ಒಂದು ಶನಿವಾರ ಹೋಗಿ ಅವರನ್ನು ನೋಡಿ, ಮಾತಾಡಿಸಿ. ಹುಲ್ಲಿನಲ್ಲಿ ಕುದುರೆ ಹೆಣೆಯುವುದನ್ನೂ ಹೇಳಿಕೊಡುತ್ತಾರೆ. ಆದರೆ ಫೋನ್ ಮಾಡಿ "ಬರ್ತೀನಿ ಆಂಟಿ" ಎಂದು ಸುಮ್ಮನೆ ಅನ್ನಬೇಡಿ. ಅಂದರೆ ಏಳು ಗಂಟೆಯಿಂದ ಮೂರನೇ ಮಹಡಿಯ ತಿರುವಿನಲ್ಲಿ ಕಾಯುತ್ತಿರುತ್ತಾರೆ. ನೀವು ಬರದಿದ್ದರೆ ಮನೆಗೇ ಫೋನ್ ಮಾಡಿ ಕೇಳುತ್ತಾರೆ, ಹುಷಾರಾಗಿದ್ದೀರಾ ಎಂದು.